ಮ್ಯಾಕ್‌ಬೆತ್‌ನದ್ದು ಅಳಿಯಕಟ್ಟೋ, ಮಕ್ಕಳಕಟ್ಟೋ? ಓದುಗರ ಪ್ರಶ್ನೆ, ನಮ್ಮ ಉತ್ತರ

ಕಳೆದ ತಿಂಗಳು ಇದೇ ಅಂಕಣದಲ್ಲಿ, ಮ್ಯಾಕ್‌ಬೆತ್ ಬರೀ ಶೇಕ್ಸ್‌ಪಿಯರ್ ನಾಟಕದ ಪಾತ್ರ ಅಲ್ಲ, ಸ್ಕಾಟ್ಲೆಂಡನ್ನು ಆಳಿದ ನಿಜವಾದ ಗೇಲಿಕ್ (ಐರ್ಲೆಂಡ್, ಸ್ಕಾಟ್ಲೆಂಡಿನ ಹಳೇ ಭಾಷೆಯ) ಅರಸ ಎಂದು ಒಂದು ಸಾಲು ಬರೆದಿದ್ದೆವು. ಆ ಒಂದು ಸಾಲು ಹಿಡಿದುಕೊಂಡು ಬಂದ ಪತ್ರಗಳು ಮೇಜಿನ ತುಂಬ ಇವೆ. ಒಂದೇ ತರಹದವನ್ನು ಕೂಡಿಸಿ, ಕೆಲವನ್ನು ಇಲ್ಲಿ ತೆಗೆದುಕೊಂಡಿದ್ದೇವೆ.

ಮಣಿಪಾಲದ ವಿದ್ಯಾರ್ಥಿಯೊಬ್ಬರು: "ಬ್ರೇವ್‌ಹಾರ್ಟ್ ಸಿನಿಮಾದಲ್ಲಿ ಎಲ್ಲರೂ ಕಿಲ್ಟ್ (ಲಂಗದಂಥ ಉಡುಪು) ಉಟ್ಟು, ಮುಖಕ್ಕೆ ನೀಲಿ ಬಳಿದುಕೊಂಡು ಯುದ್ಧಕ್ಕೆ ಹೋಗುತ್ತಾರೆ. ಹಳೇ ಗೇಲಿಕ್ ಅರಸರೂ ಹೀಗೇ ಇದ್ದರಾ?"

ಇಲ್ಲ. ಆ ಸಿನಿಮಾ ಬಂದದ್ದು 1995ರಲ್ಲಿ. ಅದರ ನಾಯಕ ವಿಲಿಯಂ ವಾಲೆಸ್‌ನನ್ನು ಲಂಡನ್‌ನಲ್ಲಿ ಕೊಂದದ್ದು 1305ರಲ್ಲಿ. ಮೈಗೆ ಸುತ್ತಿ ಸೊಂಟಪಟ್ಟಿ ಬಿಗಿಯುವ ದೊಡ್ಡ ಕಿಲ್ಟ್ ಕಾಣಿಸಿಕೊಳ್ಳುವುದು 16ನೇ ಶತಮಾನದ ಕೊನೆಗೆ, ಅಂದರೆ ವಾಲೆಸ್ ಸತ್ತು ಸುಮಾರು 300 ವರ್ಷದ ಮೇಲೆ. ಈಗ ಮದುವೆಗಳಲ್ಲಿ ಉಡುವ ಚಿಕ್ಕ ಕಿಲ್ಟ್ 18ನೇ ಶತಮಾನದ್ದು. ನೀಲಿ ಬಣ್ಣದ ಕಥೆ ಅದಕ್ಕೆ ಉಲ್ಟಾ, ತುಂಬಾ ಹಿಂದಿನದು. ಬ್ರಿಟನ್ನಿನ ಜನ ಮೈಗೆ ನೀಲಿ ಬಳಿದುಕೊಳ್ಳುತ್ತಾರೆ ಎಂದು ಬರೆದವರು ರೋಮನ್ನರು. ಸಿನಿಮಾದವರು ಹಿಂದಿನದ್ದನ್ನೂ ಮುಂದಿನದ್ದನ್ನೂ ತಂದು ಒಬ್ಬನೇ ಮನುಷ್ಯನ ಮೈಮೇಲೆ ಹಾಕಿದ್ದಾರೆ ಅಷ್ಟೆ. ನೋಡೋಕೆ ಚೆಂದ, ಅದನ್ನು ಅಲ್ಲಗಳೆಯುವುದಿಲ್ಲ.

ಇನ್ನು "ನಮ್ಮ ಮನೆತನದ ಟಾರ್ಟನ್" ಎಂಬ ಚೌಕಳಿ ಬಟ್ಟೆಯ ವಿಷಯ. 1746ರಲ್ಲಿ ಕಲ್ಲೋಡನ್ ಯುದ್ಧದಲ್ಲಿ ಹೈಲ್ಯಾಂಡ್‌ನವರು, ಅಂದರೆ ಸ್ಕಾಟ್ಲೆಂಡಿನ ಉತ್ತರದ ಗುಡ್ಡಸೀಮೆಯವರು, ಸೋತರು. ಆಮೇಲೆ ಬ್ರಿಟಿಷ್ ಸರ್ಕಾರ ಅವರ ಉಡುಪನ್ನೇ ನಿಷೇಧಿಸಿತು. ನಿಷೇಧ ತೆಗೆದದ್ದು 1782ರಲ್ಲಿ. ಮಧ್ಯದ ಅಷ್ಟೂ ವರ್ಷ ಕಿಲ್ಟ್ ಉಡಲು ಅಡ್ಡಿ ಇಲ್ಲದಿದ್ದವರು ಬ್ರಿಟಿಷ್ ಸೈನ್ಯಕ್ಕೆ ಸೇರಿದ ಹೈಲ್ಯಾಂಡ್ ಸಿಪಾಯಿಗಳು. 1822ರಲ್ಲಿ ದೊರೆ 4ನೇ ಜಾರ್ಜ್ ಎಡಿನ್‌ಬರೋಗೆ ಬಂದಾಗ ಕಾದಂಬರಿಕಾರ ವಾಲ್ಟರ್ ಸ್ಕಾಟ್ ಇಡೀ ಸಮಾರಂಭವನ್ನು ಟಾರ್ಟನ್‌ಮಯ ಮಾಡಿಬಿಟ್ಟ. ಆ ದಪ್ಪ ದೊರೆ ಗುಲಾಬಿ ಬಣ್ಣದ ಬಿಗಿ ಚಡ್ಡಿಯ ಮೇಲೆ ಕಿಲ್ಟ್ ಉಟ್ಟು ನಿಂತ! ಅಲ್ಲಿಂದ ಎಲ್ಲ ಮನೆತನಕ್ಕೂ ತನ್ನದೇ ಟಾರ್ಟನ್ ಬೇಕು ಅಂತಾಯಿತು. 1842ರಲ್ಲಿ ಇಬ್ಬರು ಸಹೋದರರು "ಹಳೇ ಕೈಬರಹದಲ್ಲಿ ಸಿಕ್ಕಿದ್ದು" ಎಂದು ಮನೆತನಗಳ ಟಾರ್ಟನ್‌ಗಳ ಪುಸ್ತಕವನ್ನೇ ಅಚ್ಚು ಹಾಕಿಸಿದರು. ಆ ಕೈಬರಹ ನಕಲಿ. ಆದರೂ ಅದರಲ್ಲಿನ ಎಷ್ಟೋ ನಮೂನೆಗಳು ಇವತ್ತಿಗೂ ಅಂಗಡಿಯಲ್ಲಿ ಮಾರಾಟ ಆಗುತ್ತಿವೆ.

ಕುಂದಾಪುರದ ನಿವೃತ್ತ ಶಿಕ್ಷಕಿಯೊಬ್ಬರು: "ಡಿವಿಜಿಯವರ ಕನ್ನಡ ಅನುವಾದದಲ್ಲಿ ಮ್ಯಾಕ್‌ಬೆತ್ ಓದಿದ್ದೇನೆ. ಅದರಲ್ಲಿ ಅವನು ಸಿಂಹಾಸನ ಕದ್ದವನು. ರಾಜನ ಮಗನಲ್ಲದವನು ಅರಸನಾಗಿ ಅಷ್ಟು ಕಾಲ ಆಳಿದ್ದು ಹೇಗೆ?"

ಟೀಚರೇ, ಇದಕ್ಕೆ ಸ್ವಲ್ಪ ಉದ್ದದ ಉತ್ತರ ಬೇಕು. ನಮ್ಮ ಕಡೆಯವರಿಗೆ ಇದು ಬೇಗ ಅರ್ಥವಾಗುತ್ತದೆ, ಯಾಕೆಂದರೆ ಅಪ್ಪನ ನಂತರ ಮಗ ಅನ್ನುವುದು ಒಂದೇ ದಾರಿ ಅಲ್ಲ ಅಂತ ತುಳುನಾಡಿನಲ್ಲಿ ಹುಟ್ಟಿದವರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಅಳಿಯಕಟ್ಟಿನಲ್ಲಿ ಆಸ್ತಿ, ಯಜಮಾನಿಕೆ, ಅರಸುತನ ಎಲ್ಲ ಹೋಗುವುದು ತಾಯಿಯ ಕಡೆಯಿಂದ. ಮಾವನ ನಂತರ ಅಕ್ಕ-ತಂಗಿಯರ ಮಕ್ಕಳು. ಉಳ್ಳಾಲದ ಅಬ್ಬಕ್ಕ ರಾಣಿಯಾದದ್ದು ಈ ಕಟ್ಟಿನಲ್ಲೇ.

ಗೇಲಿಕ್ ಅರಸರದ್ದು ಅಳಿಯಕಟ್ಟಲ್ಲ, ತಂದೆಯ ಕಡೆಯಿಂದ ಹೋಗುವ ಮಕ್ಕಳಕಟ್ಟಿನ ಹಾಗೆ ಗಂಡುಸಂತಾನದ ಲೆಕ್ಕವೇ. ಆದರೆ ಮಗನಿಗೇ ಪಟ್ಟ ಅನ್ನುವ ಖಾತ್ರಿ ಇರಲಿಲ್ಲ. ಒಬ್ಬ ಪೂರ್ವಜನಿಂದ ಕವಲೊಡೆದ ದೊಡ್ಡ ಕುಟುಂಬದೊಳಗೆ ವಯಸ್ಸು, ತಾಕತ್ತು, ಬೆಂಬಲ ಯಾರಿಗೆ ಇದೆ ಎಂದು ನೋಡಿ ಆರಿಸುತ್ತಿದ್ದರು. ತಮ್ಮ ಆಗಬಹುದು, ಅಣ್ಣನ ಮಗ ಆಗಬಹುದು, ದಾಯಾದಿಯೂ ಆಗಬಹುದು. ಅರಸ ಬದುಕಿರುವಾಗಲೇ ಮುಂದಿನವನನ್ನು ಗೊತ್ತುಮಾಡಿ ಇಡುವುದೂ ಇತ್ತು. ಈ ಪದ್ಧತಿಗೆ ಟ್ಯಾನಿಸ್ಟ್ರಿ ಎನ್ನುತ್ತಾರೆ. ಚಿಕ್ಕ ಮಗು ಪಟ್ಟಕ್ಕೆ ಬಂದು ರಾಜ್ಯ ಹಾಳಾಗುವುದು ಇದರಿಂದ ತಪ್ಪುತ್ತಿತ್ತು. ಅದಕ್ಕೆ ತೆತ್ತ ಬೆಲೆ ದಾಯಾದಿಗಳ ರಕ್ತ. ಆ ಕಾಲದ ಸ್ಕಾಟ್ ಅರಸರ ಪಟ್ಟಿ ನೋಡಿ, ಹಾಸಿಗೆಯಲ್ಲಿ ಮಲಗಿ ಸತ್ತವರು ಕಡಿಮೆ.

ಈಗ ಮ್ಯಾಕ್‌ಬೆತ್ ವಿಷಯಕ್ಕೆ ಬನ್ನಿ. 1034ರಲ್ಲಿ ತೀರಿಕೊಂಡ 2ನೇ ಮಾಲ್ಕಮ್‌ಗೆ ಗಂಡುಮಕ್ಕಳಿರಲಿಲ್ಲ. ಅವನು ತನ್ನ ಮಗಳ ಮಗ ಡಂಕನ್‌ಗೆ ಪಟ್ಟ ಸಿಗುವ ಹಾಗೆ ಮೊದಲೇ ದಾರಿ ಮಾಡಿಟ್ಟಿದ್ದ. ಹಳೇ ಕಟ್ಟಳೆಯ ಪ್ರಕಾರ ಎಡವಟ್ಟು ಆದದ್ದೇ ಅಲ್ಲಿ. ನಾಟಕದಲ್ಲಿ ಡಂಕನ್ ಮುದುಕ, ಪಾಪದವನು. ನಿಜದಲ್ಲಿ ಅವನಿನ್ನೂ ಯುವಕ, ಸೈನ್ಯ ಕಟ್ಟಿಕೊಂಡು ಉತ್ತರದಲ್ಲಿದ್ದ ಮ್ಯಾಕ್‌ಬೆತ್‌ನ ಸೀಮೆಗೆ ನುಗ್ಗಿದವನು. 1040ರಲ್ಲಿ ಎಲ್ಗಿನ್ ಊರಿನ ಹತ್ತಿರ ಯುದ್ಧದಲ್ಲಿ ಸತ್ತ. ಅತಿಥಿಯಾಗಿ ಬಂದು ಮಲಗಿದ್ದವನನ್ನು ಚೂರಿಯಿಂದ ಇರಿದದ್ದು ಏನೂ ಇಲ್ಲ. ಮ್ಯಾಕ್‌ಬೆತ್‌ನ ಹೆಂಡತಿ ಗ್ರೂಆಖ್ ಹಿಂದಿನ ಒಬ್ಬ ಅರಸನ ಮೊಮ್ಮಗಳು, ಹಾಗಾಗಿ ಅವನ ಹಕ್ಕಿಗೆ ಆ ಕಡೆಯಿಂದಲೂ ಬಲ ಇತ್ತು.

ಆಮೇಲೆ 17 ವರ್ಷ ಆಳಿದ. 1050ರಲ್ಲಿ ರೋಮ್‌ಗೆ ಯಾತ್ರೆ ಹೋಗಿ ಬಡವರಿಗೆ ದುಡ್ಡು ಹಂಚಿ ವಾಪಸ್ ಬಂದ. ಯೋಚಿಸಿ ನೋಡಿ, ಸಿಂಹಾಸನ ಅಲುಗಾಡುತ್ತಿರುವವನು ಆ ಕಾಲದಲ್ಲಿ ಅಷ್ಟು ದೂರ ಊರು ಬಿಟ್ಟು ಹೋಗುತ್ತಾನಾ? 1057ರಲ್ಲಿ ಲಂಫನನ್ ಎಂಬಲ್ಲಿ ಡಂಕನ್‌ನ ಮಗ ಮಾಲ್ಕಮ್‌ನ ಕಡೆಯವರ ಕೈಯಲ್ಲಿ ಸತ್ತ. ಅವನ ನಂತರ ಪಟ್ಟ ಸಿಕ್ಕಿದ್ದು ಗ್ರೂಆಖ್‌ಳ ಮೊದಲ ಗಂಡನ ಮಗ ಲೂಲಾಖ್‌ಗೆ. ಅವನೂ ಮರುವರ್ಷವೇ ಹತನಾದ.

ಶೇಕ್ಸ್‌ಪಿಯರ್ ನಾಟಕ ಬರೆದದ್ದು ಇದೆಲ್ಲ ಮುಗಿದು ಐದೂವರೆ ಶತಮಾನ ಆದ ಮೇಲೆ. ಆಗ ಲಂಡನ್ನಿನಲ್ಲಿ ಸ್ಕಾಟ್ಲೆಂಡಿನಿಂದ ಬಂದ ದೊರೆ ಜೇಮ್ಸ್ ಕೂತಿದ್ದ. ನಾಟಕದಲ್ಲಿ ಮ್ಯಾಕ್‌ಬೆತ್‌ನ ಗೆಳೆಯನಾಗಿ ಬರುವ ಬ್ಯಾಂಕೋವಿನ ವಂಶದವನು ತಾನು ಎಂದು ಜೇಮ್ಸ್ ನಂಬಿದ್ದ. ನಾಟಕದಲ್ಲಿ ಬ್ಯಾಂಕೋ ಒಳ್ಳೆಯವನಾದದ್ದು ಸುಮ್ನೆ ಅಲ್ಲ! ಆದರೆ ಬ್ಯಾಂಕೋ ಎಂಬವನು ಇರಲೇ ಇಲ್ಲ, 16ನೇ ಶತಮಾನದ ಒಬ್ಬ ಇತಿಹಾಸಕಾರ ಹುಟ್ಟಿಸಿದ ಹೆಸರು ಅದು.

ಅಳಿಯಕಟ್ಟನ್ನೇ ಹೋಲುವುದು ಬೇಕಿದ್ದರೆ ಪಿಕ್ಟ್ ಜನರನ್ನು ನೋಡಬೇಕು. ಗೇಲಿಕ್‌ನವರು ಬಲವಾಗುವ ಮೊದಲು ಸ್ಕಾಟ್ಲೆಂಡಿನ ಪೂರ್ವ, ಉತ್ತರ ಭಾಗದಲ್ಲಿದ್ದವರು ಇವರು. ಪಟ್ಟದ ಬಗ್ಗೆ ಗೊಂದಲವಾದರೆ ಇವರು ಹೆಣ್ಣಿನ ಕಡೆಯ ರಾಜವಂಶದಿಂದ ಅರಸನನ್ನು ಆರಿಸುತ್ತಾರೆ ಎಂದು 8ನೇ ಶತಮಾನದ ಸನ್ಯಾಸಿ ಬೀಡ್ ಬರೆದಿದ್ದಾನೆ. ಅದು ಎಷ್ಟು ನಿಜ ಅಂತ ಪಂಡಿತರು ಇನ್ನೂ ಜಗಳವಾಡುತ್ತಿದ್ದಾರೆ.

ಎರಡೂ ಕಟ್ಟುಗಳು ಮುಗಿದದ್ದು ಮಾತ್ರ ಕಾಗದದ ಮೇಲೆ. ಟ್ಯಾನಿಸ್ಟ್ರಿಯನ್ನು 1608ರಲ್ಲಿ ಐರ್ಲೆಂಡಿನ ಇಂಗ್ಲಿಷ್ ಕೋರ್ಟು ಒಂದು ತೀರ್ಪಿನಲ್ಲಿ ತಳ್ಳಿಹಾಕಿತು. ಅಳಿಯಸಂತಾನಕ್ಕೆ 1949ರ ಮದರಾಸು ಕಾಯ್ದೆ, ಆಮೇಲೆ 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ಬಂದವು. ಒಂದು ವ್ಯತ್ಯಾಸ ಇದೆ. ಅಲ್ಲಿ ಗೆದ್ದವರು ಸೋತವರ ಭೂಮಿಯನ್ನು ಇಂಗ್ಲಿಷ್ ಲೆಕ್ಕಕ್ಕೆ ತರಲು ಮಾಡಿದ ಕೆಲಸ ಅದು. ಇಲ್ಲಿ ಪಾಲು ಕೇಳಿದ್ದು ಮನೆಯವರೇ.

ಕಾರ್ಕಳದಿಂದ ಒಬ್ಬರು: "ಪಟ್ಟ ಕಟ್ಟುವ ಕಲ್ಲು ಅಂತ ಒಂದು ಇದೆಯಂತೆ, ಹೌದಾ?"

ಕಾರ್ಕಳದವರು ಕಲ್ಲಿನ ಬಗ್ಗೆ ಕೇಳದೆ ಇನ್ಯಾರು ಕೇಳಬೇಕು! ಇದೆ. ಸ್ಕೂನ್ ಎಂಬ ಊರಿನ ಕಲ್ಲು, ತೂಕ 152 ಕಿಲೋ. 1296ರಲ್ಲಿ ಇಂಗ್ಲೆಂಡಿನ ದೊರೆ 1ನೇ ಎಡ್ವರ್ಡ್ ಹೊತ್ತುಕೊಂಡು ಹೋಗಿ ವೆಸ್ಟ್‌ಮಿನ್‌ಸ್ಟರ್ ಅಬ್ಬೆಯಲ್ಲಿ ಕುರ್ಚಿಯ ಕೆಳಗೆ ಇಡಿಸಿದ. 1950ರ ಕ್ರಿಸ್‌ಮಸ್ ದಿನ ಸ್ಕಾಟ್ಲೆಂಡಿನ ನಾಲ್ಕು ವಿದ್ಯಾರ್ಥಿಗಳು ಅದನ್ನು ಕದ್ದರು, ಎಳೆಯುವಾಗ ಕಲ್ಲು ಎರಡು ತುಂಡಾಯಿತು. ಅಧಿಕೃತವಾಗಿ ಸ್ಕಾಟ್ಲೆಂಡಿಗೆ ಮರಳಿದ್ದು 1996ರಲ್ಲಿ. 2023ರಲ್ಲಿ ಚಾರ್ಲ್ಸ್ ಪಟ್ಟಾಭಿಷೇಕಕ್ಕೆ ಲಂಡನ್‌ಗೆ ಹೋಗಿ ಬಂತು. ಈಗ ಸ್ಕಾಟ್ಲೆಂಡಿನ ಪರ್ತ್ ಮ್ಯೂಸಿಯಂನಲ್ಲಿದೆ. ಬೈಬಲಿನ ಯಾಕೋಬ ತಲೆದಿಂಬು ಮಾಡಿಕೊಂಡಿದ್ದ ಕಲ್ಲು ಅದೇ ಎಂಬ ಕಥೆ ಉಂಟು. ಪರೀಕ್ಷೆ ಮಾಡಿದಾಗ ಸ್ಕೂನ್ ಸುತ್ತಮುತ್ತಲಿನ ಮರಳುಗಲ್ಲೇ ಎಂದು ಗೊತ್ತಾಯಿತು.

ನಮಗೆ ಅದಕ್ಕಿಂತ ಇಷ್ಟ ಆಗುವುದು ಡನ್ಯಾಡ್ ಗುಡ್ಡದ ಹೆಜ್ಜೆ. ಐರ್ಲೆಂಡಿನ ಈಶಾನ್ಯ ಮತ್ತು ಸ್ಕಾಟ್ಲೆಂಡಿನ ಪಶ್ಚಿಮ ಕರಾವಳಿ ಎರಡನ್ನೂ ಹಿಡಿದಿದ್ದ ಡಾಲ್ ರಿಯಾಟ ರಾಜ್ಯದ ಕೋಟೆ ಅದು. ಬಂಡೆಯಲ್ಲಿ ಒಂದು ಪಾದದಷ್ಟು ಕೊರೆದಿದ್ದಾರೆ. ಹೊಸ ಅರಸ ಅದರಲ್ಲಿ ಕಾಲಿಟ್ಟು ನಿಲ್ಲುತ್ತಿದ್ದ ಎಂದು ನಂಬಿಕೆ. ಈಗ ಮೇಲೆ ಕಾಣುವುದು ಮೂಲವನ್ನು ಕಾಪಾಡಲು ಇಟ್ಟ ಪಡಿಯಚ್ಚು.

ಸುರತ್ಕಲ್‌ನಿಂದ: "ಐರಿಷ್, ಗೇಲಿಕ್ ಎರಡೂ ಒಂದೇನಾ?"

ಒಂದೇ ಬುಡದ ಮೂರು ಕೊಂಬೆಗಳು: ಐರ್ಲೆಂಡಿನ ಐರಿಷ್, ಸ್ಕಾಟ್ಲೆಂಡಿನ ಗೇಲಿಕ್, ಐಲ್ ಆಫ್ ಮ್ಯಾನ್ ದ್ವೀಪದ ಮ್ಯಾಂಕ್ಸ್. ವೆಲ್ಷ್ ಇವಕ್ಕೆ ದೂರದ ನೆಂಟ. ಇಂಗ್ಲಿಷ್‌ನ ಉಪಭಾಷೆ ಅಂತೂ ಅಲ್ಲವೇ ಅಲ್ಲ.

ಪುತ್ತೂರಿನಿಂದ: "ಅರಸರೇ ಮಾತಾಡುತ್ತಿದ್ದ ಭಾಷೆ ಹೀಗೆ ಸೊರಗಿದ್ದು ಯಾಕೆ? ನಮ್ಮ ತುಳುವಿಗೂ ಇದೇ ಗತಿಯಾ?"

ಮೊದಲು ಅರಮನೆ ಬಿಟ್ಟಿತು, ಆಮೇಲೆ ದೊಡ್ಡ ಮನೆಗಳು ಬಿಟ್ಟವು, ಕೊನೆಗೆ ಶಾಲೆ ಬಿಡಿಸಿತು. ಮ್ಯಾಕ್‌ಬೆತ್‌ನನ್ನು ಸೋಲಿಸಿದ 3ನೇ ಮಾಲ್ಕಮ್ ಇಂಗ್ಲಿಷ್ ರಾಜವಂಶದ ಮಾರ್ಗರೆಟ್‌ಳನ್ನು ಮದುವೆಯಾದ, ಅವರ ಮಕ್ಕಳ ಕಾಲದಲ್ಲಿ ಆಸ್ಥಾನದ ಮಾತು ಬದಲಾಗುತ್ತಾ ಹೋಯಿತು. ಆದರೂ 1249ರಲ್ಲಿ ಬಾಲಕ 3ನೇ ಅಲೆಕ್ಸಾಂಡರ್‌ಗೆ ಪಟ್ಟ ಕಟ್ಟುವಾಗ ಹೈಲ್ಯಾಂಡ್‌ನ ಒಬ್ಬ ಮುದುಕ ಎದ್ದು ಬಂದು, ಮೊಣಕಾಲೂರಿ, ಅರಸನ ವಂಶಾವಳಿಯನ್ನು ಗೇಲಿಕ್‌ನಲ್ಲಿ ಒಂದೊಂದೇ ತಲೆಮಾರು ಹಿಂದಕ್ಕೆ ಹೇಳಿದ. ಗೇಲಿಕ್ ಗೊತ್ತಿದ್ದ ಕೊನೆಯ ಸ್ಕಾಟ್ ದೊರೆ 4ನೇ ಜೇಮ್ಸ್ ಸತ್ತದ್ದು 1513ರಲ್ಲಿ. ಗೇಲಿಕ್ ಕವಿಗಳನ್ನು ಸಾಕಿದ್ದ ಪಶ್ಚಿಮ ದ್ವೀಪಗಳ ಪ್ರಭುತ್ವವನ್ನು 1493ರಲ್ಲಿ ರದ್ದು ಮಾಡಿಸಿದ್ದೂ ಇವನ ಆಳ್ವಿಕೆಯೇ! ಆ ಪ್ರಭುವಿನ ಬಿರುದು ಇವತ್ತು ರಾಜಕುಮಾರ ವಿಲಿಯಂ ಹತ್ತಿರ ಇದೆ. 1609ರಲ್ಲಿ ದೊರೆಯ ಕಡೆಯವರು, ದ್ವೀಪಗಳ ನಾಯಕರು ತಮ್ಮ ಹಿರಿಮಗನನ್ನು ಇಂಗ್ಲಿಷ್ ಕಲಿಯಲು ಕಳಿಸಬೇಕು ಎಂದು ಕರಾರು ಬರೆಸಿಕೊಂಡರು. 1872ರ ಶಿಕ್ಷಣ ಕಾಯ್ದೆಯಲ್ಲಿ ಗೇಲಿಕ್ ಹೆಸರೇ ಇಲ್ಲ. ನಡುವೆ ಭೂಮಾಲೀಕರು ಕುರಿ ಸಾಕಲು ರೈತರನ್ನು ಒಕ್ಕಲೆಬ್ಬಿಸಿದರು, ಜನ ಕೆನಡಾಕ್ಕೆ ಹಡಗು ಹತ್ತಿದರು.

2022ರ ಜನಗಣತಿಯಲ್ಲಿ ಸ್ವಲ್ಪವಾದರೂ ಗೇಲಿಕ್ ಬಲ್ಲವರು 1,30,161. ಹಿಂದಿನ ಗಣತಿಗಿಂತ ಜಾಸ್ತಿ. ಖುಷಿಪಡುವ ಮೊದಲು ಇನ್ನೊಂದು ಅಂಕಿ ನೋಡಿ: ಅದು ಮನೆಮಾತಾಗಿ ಉಳಿದಿದ್ದ ಪಶ್ಚಿಮ ದ್ವೀಪಗಳಲ್ಲಿ ಮಾತಾಡುವವರು ಅರ್ಧಕ್ಕಿಂತ ಕೆಳಗಿಳಿದರು. ನಗರದಲ್ಲಿ ಆಪ್‌ನಲ್ಲಿ ಕಲಿಯುವವರು ಹೆಚ್ಚಿದ್ದಾರೆ, ಊರಿನಲ್ಲಿ ಮೀನು ಮಾರುವಾಗ ಆಡುವವರು ಕಡಿಮೆಯಾಗಿದ್ದಾರೆ. 2025ರಲ್ಲಿ ಅಧಿಕೃತ ಭಾಷೆಯ ಸ್ಥಾನ ಕೊಡುವ ಕಾಯ್ದೆ ಪಾಸಾಯಿತು, ತಡವಾಗಿಯಾದರೂ.

ತುಳುವಿನ ಲೆಕ್ಕ ಬೇರೆ. 2011ರ ಗಣತಿಯಲ್ಲೇ 18,46,427 ಜನ ತುಳು ಮನೆಮಾತು ಎಂದಿದ್ದಾರೆ. ಎಂಟನೇ ಪರಿಚ್ಛೇದದಲ್ಲಿ ಇನ್ನೂ ಜಾಗ ಸಿಕ್ಕಿಲ್ಲ, ಅದು ನ್ಯಾಯವಾದ ಬೇಡಿಕೆಯೇ. ಆದರೆ ಐರಿಷ್‌ಗೆ 1937ರ ಸಂವಿಧಾನದಲ್ಲೇ ಮೊದಲ ಅಧಿಕೃತ ಭಾಷೆಯ ಪಟ್ಟ ಸಿಕ್ಕಿದೆ, ದಿನಬಳಕೆ ಮಾತ್ರ ಇಂಗ್ಲಿಷ್‌ನದ್ದೇ. ಹಾಗಾಗಿ ಪಟ್ಟಿಯಲ್ಲಿ ಹೆಸರು ಬರುವ ತನಕ ಕಾಯುತ್ತಾ ಮಕ್ಕಳ ಹತ್ತಿರ ಬರೀ ಇಂಗ್ಲಿಷ್ ಮಾತಾಡುವ ಮಂಗಳೂರಿನ ಫ್ಲ್ಯಾಟ್‌ಗಳನ್ನು ಕಂಡರೆ ನಮಗೆ ಹೆದರಿಕೆ. ಮ್ಯಾಂಕ್ಸ್‌ನ ಕೊನೆಯ ಹುಟ್ಟುಭಾಷಿಕ ನೆಡ್ ಮ್ಯಾಡ್ರೆಲ್ 1974ರಲ್ಲಿ ತೀರಿಕೊಂಡರು. ಅವರ ಧ್ವನಿ ರೆಕಾರ್ಡ್ ಆಗಿತ್ತು, ಕಲಿಯುವ ಹಟ ಇದ್ದವರೂ ಇದ್ದರು. ಈಗ ಅಲ್ಲಿ ಮ್ಯಾಂಕ್ಸ್ ಮಾಧ್ಯಮದ ಪ್ರಾಥಮಿಕ ಶಾಲೆ ನಡೆಯುತ್ತಿದೆ. 2024ರಲ್ಲಿ ಗೂಗಲ್ ಅನುವಾದಕ್ಕೆ 110 ಹೊಸ ಭಾಷೆ ಸೇರಿಸಿದಾಗ ಮ್ಯಾಂಕ್ಸ್, ತುಳು ಎರಡೂ ಒಂದೇ ಪಟ್ಟಿಯಲ್ಲಿ ಬಂದವು.

ಬಂದರು ಕಡೆಯ ಓದುಗರೊಬ್ಬರು: "ಇದೆಲ್ಲ ಸರಿ ಮಾರಾಯ್ರೆ, ಗೇಲಿಕ್‌ನವರಿಗೂ ನಮ್ಮ ಊರಿಗೂ ಎಂಥ ಸಂಬಂಧ?"

ಉಂಟು. 1783ರಲ್ಲಿ ಟಿಪ್ಪು ಮಂಗಳೂರು ಕೋಟೆಗೆ ಮುತ್ತಿಗೆ ಹಾಕಿದಾಗ ಒಳಗಿದ್ದ ಕಂಪನಿ ಪಡೆಯ ನಾಯಕ ಜಾನ್ ಕ್ಯಾಂಪ್‌ಬೆಲ್. ಅವನ ಜೊತೆಗಿದ್ದ ಬಿಳಿಯ ಸಿಪಾಯಿಗಳು ಬ್ಲ್ಯಾಕ್ ವಾಚ್ ಎಂದು ಹೆಸರಾದ 42ನೇ ಹೈಲ್ಯಾಂಡ್ ರೆಜಿಮೆಂಟಿನ ಎರಡನೇ ಬೆಟಾಲಿಯನ್ನಿನವರು. ಆಗಿನ್ನೂ ಹೈಲ್ಯಾಂಡ್‌ನಲ್ಲಿ ಗೇಲಿಕ್ಕೇ ಮನೆಮಾತು, ಹಾಗಾಗಿ ನಮ್ಮ ಕೋಟೆಯೊಳಗೆ ಆ ಭಾಷೆ ಧಾರಾಳ ಕೇಳಿಸಿರಬೇಕು. ಮಳೆಗಾಲ ಕಳೆಯಿತು, ಊಟಕ್ಕೆ ತತ್ವಾರ ಬಂತು, ರೋಗ ಹಬ್ಬಿತು. 1784ರ ಜನವರಿ 30ಕ್ಕೆ ಕೋಟೆ ಬಿಟ್ಟುಕೊಟ್ಟರು. ಮಾರ್ಚ್ 11ಕ್ಕೆ ಮಂಗಳೂರು ಒಪ್ಪಂದ ಆಯಿತು, ಆ ತಿಂಗಳಲ್ಲೇ ಕ್ಯಾಂಪ್‌ಬೆಲ್ ಮುಂಬಯಿಯಲ್ಲಿ ತೀರಿಕೊಂಡ. ಸೋತು ಹೊರಟ ಆ ಮುತ್ತಿಗೆಯನ್ನೇ ರೆಜಿಮೆಂಟ್ ಹೆಮ್ಮೆಯಿಂದ ಯುದ್ಧಗೌರವಗಳ ಪಟ್ಟಿಗೆ ಸೇರಿಸಿಕೊಂಡಿದೆ, "ಮಂಗಳೂರು" ಎಂಬ ಊರಿನ ಹೆಸರಿನಲ್ಲೇ.

ಮುಂದಿನ ತಿಂಗಳ ಪ್ರಶ್ನೆಗಳನ್ನು ಚುಟುಕಾಗಿ ಬರೆಯಿರಿ. ಒಂದು ಪತ್ರಕ್ಕೆ ಒಂದೇ ಪ್ರಶ್ನೆ ಇರಲಿ.