ಸುರಂಗದ ನೀರು, ಮೈದುನನ ತೋಟ

ಪ್ರಶ್ನೆ: ಕಾಸರಗೋಡು ಜಿಲ್ಲೆಯ ಬಾಯಾರು ಸಮೀಪ ನಮಗೆ ಅಡಿಕೆ ತೋಟವಿದೆ. ನೀರಿಗಾಗಿ ಗುಡ್ಡೆಗೆ ಅಡ್ಡವಾಗಿ ಕೊರೆದ ಸುರಂಗದ ನೀರು ಮೈದುನನ ತೋಟವನ್ನು ದಾಟಿ ನಮ್ಮ ಟಾಂಕಿಗೆ ಬರುತ್ತದೆ. ಮಾವನ ಕಾಲದಲ್ಲಿ ಅಡಿಕೆ ಮರ ಸೀಳಿ ಮಾಡಿದ ದಂಬೆಯಲ್ಲಿ ಬರುತ್ತಿತ್ತು, ಆಮೇಲೆ ಪೈಪು ಹಾಕಿದ್ದಾರೆ. 2011ರಲ್ಲಿ ಪಾಲಾದಾಗ ಸುರಂಗದ ಜಾಗವೂ ಕೆಳಗಿನ ತೋಟವೂ ನಮಗೆ ಬಂದವು, ನಡುವಿನ ತೋಟ ಅವರಿಗೆ ಹೋಯಿತು. ಪಾಲುಪಟ್ಟಿಯಲ್ಲಿ ಪೈಪಿನ ಮಾತೇ ಇಲ್ಲ. ಪತಿ ತೀರಿಕೊಂಡ ಮೇಲೆ ಈಗ ಅವರು ಪೈಪು ಕಡಿದಿದ್ದಾರೆ, ಕೊಳವೆ ಬಾವಿಯನ್ನೂ ಕೊರೆಸುತ್ತಾರಂತೆ. ಕೋರ್ಟಿಗೆ ಹೋದರೆ ಪ್ರಯೋಜನವಿದೆಯೇ?

ಉತ್ತರ: ಪೈಪಿನ ಮಟ್ಟಿಗೆ ಪ್ರಯೋಜನವಿದೆ. ಆದರೆ ವಾದಪತ್ರದಲ್ಲಿ ಯಾವ ಹಕ್ಕನ್ನು ಹೇಳಿಕೊಳ್ಳುತ್ತೀರಿ ಎಂಬುದು ಮುಖ್ಯ. ಇಂತಹ ದಾವೆಗಳಲ್ಲಿ ‘ತಲೆತಲಾಂತರದಿಂದ ಅನುಭವಿಸಿಕೊಂಡು ಬಂದಿದ್ದೇವೆ’ ಎಂದು ಬರೆಯುವುದು ರೂಢಿ. ನಿಮ್ಮ ವಿಷಯದಲ್ಲಿ ಅದು ನಿಲ್ಲದು. ಈಸ್‌ಮೆಂಟ್ ಎಂದರೆ ನಮ್ಮ ಜಾಗದ ಅನುಕೂಲಕ್ಕಾಗಿ ಇನ್ನೊಬ್ಬರ ಜಾಗದ ಮೇಲೆ ಇರುವ ಹಕ್ಕು. 1882ರ ಈಸ್‌ಮೆಂಟ್ ಕಾಯ್ದೆಯ 15ನೇ ಸೆಕ್ಷನಿನಂತೆ ದೀರ್ಘಕಾಲದ ಅನುಭೋಗದಿಂದ ಹಕ್ಕು ಹುಟ್ಟಲು ಬಹಿರಂಗವಾಗಿ, ತಕರಾರಿಲ್ಲದೆ, ಯಾರ ಅನುಮತಿಯನ್ನೂ ಕೇಳದೆ, ಹಕ್ಕೆಂಬಂತೆ 20 ವರ್ಷ ಅನುಭವಿಸಿರಬೇಕು. ತನ್ನದೇ ಜಾಗದ ಮೇಲೆ ಯಾರಿಗೂ ಇಂತಹ ಹಕ್ಕು ಹುಟ್ಟುವುದಿಲ್ಲವಾದ್ದರಿಂದ, ಆಸ್ತಿ ಒಟ್ಟಾಗಿದ್ದ ವರ್ಷಗಳು ಲೆಕ್ಕಕ್ಕೆ ಬಾರವು. 2011ರಿಂದ ಎಣಿಸಿದರೆ ಅವಧಿ ತುಂಬಿಲ್ಲ.

ನಿಮ್ಮ ನೆರವಿಗೆ ಬರುವುದು 13ನೇ ಸೆಕ್ಷನ್. ಒಟ್ಟು ಆಸ್ತಿ ಪಾಲಾದಾಗ, ಒಬ್ಬರ ಪಾಲನ್ನು ಅಂದು ಇದ್ದ ರೀತಿಯಲ್ಲೇ ಅನುಭವಿಸಲು ಇನ್ನೊಬ್ಬರ ಪಾಲಿನ ಮೇಲೆ ಕಣ್ಣಿಗೆ ಕಾಣುವ, ನಿರಂತರವಾದ ಸೌಕರ್ಯವೊಂದು ಅಗತ್ಯವಿದ್ದರೆ, ಬೇರೆ ಉದ್ದೇಶ ವ್ಯಕ್ತವಾಗದ ಹೊರತು ಆ ಹಕ್ಕು ಪಾಲಿನೊಂದಿಗೇ ಬರುತ್ತದೆ. ಇದಕ್ಕೆ 20 ವರ್ಷದ ಷರತ್ತಿಲ್ಲ. ಪಾಲುಪಟ್ಟಿ ಮೌನವಾಗಿರುವುದು ನಿಮಗೆ ಬಾಧಕವಲ್ಲ; ‘ನೀರಿಗೆ ಅವರವರೇ ವ್ಯವಸ್ಥೆ ಮಾಡಿಕೊಳ್ಳತಕ್ಕದ್ದು’ ಎಂಬಂತಹ ವಾಕ್ಯ ಅದರಲ್ಲಿ ಎಲ್ಲಿಯಾದರೂ ನುಸುಳಿದೆಯೇ ಎಂದು ಮಾತ್ರ ಕೂಲಂಕಷವಾಗಿ ಓದಿಸಿ. ಪಾಲಾಗುವಾಗ ಪೈಪು ಅಲ್ಲಿಯೇ ಇತ್ತೆಂದು ರುಜುವಾತು ಮಾಡುವ ಹೊಣೆ ನಿಮ್ಮದು. ತೋಟದಲ್ಲಿ ದುಡಿದ ಹಳೆಯ ಆಳುಗಳು, ಪೈಪು ಹಾಕಿದವರು, ಪಾಲಿನ ಮಾತುಕತೆಗೆ ಕುಳಿತಿದ್ದ ಹಿರಿಯರು ಸಾಕ್ಷಿ ಹೇಳಬಹುದು.

ಕಾಸರಗೋಡಿನ ಮುನ್ಸಿಫ್ ಕೋರ್ಟಿನಲ್ಲಿ ದಾವೆ ಹೂಡುವಾಗಲೇ ತಾತ್ಕಾಲಿಕ ತಡೆಯಾಜ್ಞೆಗೂ ಸ್ಥಳ ಪರಿಶೀಲನೆಗೆ ವಕೀಲ ಕಮಿಷನರನ್ನು ನೇಮಿಸುವುದಕ್ಕೂ ಅರ್ಜಿ ಕೊಡಿ. ಕಡಿದ ಪೈಪಿನ ಎರಡು ತುದಿಗಳು, ಅದು ಹೂತಿದ್ದ ಸಾಲು, ಬರಿದಾದ ಟಾಂಕಿಯ ಗೋಡೆಯಲ್ಲಿ ನೀರು ನಿಲ್ಲುತ್ತಿದ್ದ ಮಟ್ಟದ ಗುರುತು, ಇವೆಲ್ಲ ವರದಿಯಲ್ಲಿಯೂ ನಕ್ಷೆಯಲ್ಲಿಯೂ ದಾಖಲಾಗಲಿ. ಒಂದು ಮಳೆಗಾಲ ಕಳೆದರೆ ಆ ಸಾಲು ಹುಡುಕಿದರೂ ಸಿಗದು, ತಡಮಾಡಿದವರಿಗೆ ತಡೆಯಾಜ್ಞೆಯೂ ಸುಲಭವಲ್ಲ. ಹಕ್ಕು ಸ್ಥಾಪಿತವಾದರೆ ದುರಸ್ತಿಗಾಗಿ ಅವರ ತೋಟಕ್ಕೆ ಇಳಿಯುವ ಅಧಿಕಾರವನ್ನೂ 24ನೇ ಸೆಕ್ಷನ್ ಕೊಡುತ್ತದೆ. ಅಗೆದ ಮಣ್ಣನ್ನು ಮೊದಲಿನಂತೆ ಮುಚ್ಚಿಕೊಡಬೇಕು, ಅಷ್ಟೆ.

ಕೊಳವೆ ಬಾವಿಯ ವಿಷಯದಲ್ಲಿ ಅಷ್ಟು ಭರವಸೆ ಕೊಡಲಾರೆ. ನಿರ್ದಿಷ್ಟ ಕಾಲುವೆಯಲ್ಲಿ ಹರಿಯದೆ ಮಣ್ಣಿನೊಳಗೆ ಒಸರುವ ನೀರನ್ನು ತನ್ನ ಜಾಗದಲ್ಲಿ ಎತ್ತುವ ಹಕ್ಕು ಪ್ರತಿ ಭೂಮಾಲೀಕನಿಗೂ ಇದೆ. ಕೇರಳದ 2002ರ ಅಂತರ್ಜಲ ಕಾಯ್ದೆಯಂತೆ ಅಧಿಸೂಚಿತ ಪ್ರದೇಶಗಳಲ್ಲಿ ಬಾವಿ ತೋಡಲು ಅನುಮತಿ ಬೇಕು. ನಿಮ್ಮ ಊರು ಅದರಲ್ಲಿ ಸೇರಿದೆಯೇ ಎಂದು ಅಂತರ್ಜಲ ಇಲಾಖೆಯಲ್ಲಿ ವಿಚಾರಿಸಿ.

ಖರ್ಚಿನ ಬಗ್ಗೆ ಅಂಜಬೇಕಾಗಿಲ್ಲ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ ಪ್ರಕಾರ ಮಹಿಳೆಯರು ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವಿಗೆ ಅರ್ಹರು. ಮೈದುನ ಮಾತುಕತೆಗೆ ಒಪ್ಪುವುದಾದರೆ ದಾವೆಗೆ ಮುಂಚೆಯೇ ಲೋಕ ಅದಾಲತ್ತಿಗೆ ಹೋಗಬಹುದು. ಅಲ್ಲಿನ ತೀರ್ಪಿಗೆ ಸಿವಿಲ್ ಕೋರ್ಟಿನ ಡಿಕ್ರಿಯ (ಅಂತಿಮ ಆದೇಶದ) ಬಲವಿದೆ, ಅದರ ಮೇಲೆ ಮೇಲ್ಮನವಿಯಿಲ್ಲ. ಹಾಗೆ ರಾಜಿಯಾದರೆ ‘ಮೊದಲಿನಂತೆ ನೀರು ಬಿಡುವುದು’ ಎಂದಷ್ಟೇ ಬರೆಸಿ ಸಹಿ ಹಾಕಬೇಡಿ. ಸರ್ವೆ ನಂಬ್ರ, ಪೈಪು ಸಾಗುವ ದಾರಿ, ಅದರ ಅಳತೆ, ದುರಸ್ತಿಗೆ ಹೋಗುವ ಹಕ್ಕು ಇಷ್ಟನ್ನೂ ಬರೆಸಿ, ನಕ್ಷೆಯನ್ನು ಜತೆಗೆ ಲಗತ್ತಿಸಿ.