ನಗರದಲ್ಲಿ ಒಬ್ಬಳೇ ಇದ್ದೇನೆ, ಸುತ್ತ ಇಷ್ಟು ಜನ ಇದ್ದರೂ ನನ್ನವರು ಯಾರೂ ಇಲ್ಲ ಅನಿಸುತ್ತದೆ. ನನಗೆ ಮಾತ್ರ ಹೀಗಾ? ಏನು ಮಾಡಲಿ?

ಖಂಡಿತ ನಿಮಗೆ ಮಾತ್ರ ಅಲ್ಲ. ವಿಶ್ವ ಆರೋಗ್ಯ ಸಂಸ್ಥೆ 2025ರಲ್ಲಿ ಕೊಟ್ಟ ವರದಿ ಪ್ರಕಾರ ಜಗತ್ತಿನಲ್ಲಿ ಆರು ಜನರಲ್ಲಿ ಒಬ್ಬರನ್ನು ಒಂಟಿತನ ಕಾಡುತ್ತಿದೆ. ಅದರಲ್ಲೂ ಚಿಕ್ಕ ವಯಸ್ಸಿನವರಲ್ಲೇ ಜಾಸ್ತಿಯಂತೆ.

ನಾನೂ ಕೆಲಸಕ್ಕೆಂದು ಒಬ್ಬಳೇ ಬಂದವಳು. ಶುಕ್ರವಾರ ಸಂಜೆ ಆಫೀಸಿನಲ್ಲಿ ಬೈ ಹೇಳಿ ಬಂದರೆ, ಮಧ್ಯೆ ಅಮ್ಮನ ಫೋನಿಗೆ "ಹ್ಞೂಂ, ಊಟ ಆಯ್ತು" ಅಂದಿದ್ದು ಬಿಟ್ಟು, ಮತ್ತೆ ಬಾಯಿ ತೆರೆಯುತ್ತಿದ್ದದ್ದು ಸೋಮವಾರ ಲಿಫ್ಟಿನಲ್ಲಿ ಯಾರಿಗೋ "ಎಷ್ಟನೇ ಮಹಡಿ?" ಅಂತ ಕೇಳುವಾಗಲೇ. ಗಂಟಲು ಕಟ್ಟಿ ದನಿಯೇ ಹೊರಡುತ್ತಿರಲಿಲ್ಲ.

ಹೊರಗೆ ಹೋಗು, ನಾಲ್ಕು ಜನರ ಜೊತೆ ಬೆರಿ ಅಂತ ಎಲ್ಲರೂ ಹೇಳುತ್ತಾರೆ. ಹೇಳೋದು ಸುಲಭ. ಗೊತ್ತಿಲ್ಲದವರನ್ನು ನೋಡಿ ನಕ್ಕರೆ ಏನಂದುಕೊಳ್ಳುತ್ತಾರೋ, ಕತ್ತಲಾದ ಮೇಲೆ ವಾಪಸ್ ಹೇಗೆ ಬರೋದು, ಇದೆಲ್ಲ ಲೆಕ್ಕ ಹಾಕಿಯೇ ಹುಡುಗಿಯರು ಮನೆಯಿಂದ ಹೊರಡಬೇಕು, ಆ ಲೆಕ್ಕದಲ್ಲೇ ಸುಸ್ತಾಗಿ ಎಷ್ಟೋ ಸಲ ರೂಮಿನಲ್ಲೇ ಉಳಿದುಬಿಡುತ್ತೇವೆ, ಅಲ್ವಾ?

ನಾನು ಹೇಳೋದಿಷ್ಟೇ, ಅದೇ ಮುಖಗಳು ಮತ್ತೆ ಮತ್ತೆ ಸಿಗುವ ಜಾಗ ಹುಡುಕಿ. ಸಂಗೀತವೋ, ಈಜೋ, ಹೊಸ ಭಾಷೆಯೋ, ವಾರವಾರ ನಡೆಯುವ ಯಾವುದಾದರೂ ಕ್ಲಾಸ್. ಬೆಳಕಿರುವಾಗಲೇ ಮುಗಿದರೆ ಇನ್ನೂ ಒಳ್ಳೆಯದು. ಒಂದು ಸಂಜೆ ಸೇರಿ ಚದುರಿಹೋಗುವ ಕೂಟಗಳಿಂದ ನನಗಂತೂ ಏನೂ ಆಗಲಿಲ್ಲ, ಪ್ರತಿ ಸಲ ಹೆಸರು, ಊರು, ಕೆಲಸ ಒಪ್ಪಿಸಿ ಬರೋದಷ್ಟೇ. ಕ್ಲಾಸಿನಲ್ಲಿ ಪಕ್ಕದಲ್ಲಿ ಕೂರುತ್ತಿದ್ದವರ ಜೊತೆ ತುಂಬಾ ದಿನ ಬರೀ ತಲೆಯಾಡಿಸುವಷ್ಟೇ ಪರಿಚಯ ಇತ್ತು. ಒಮ್ಮೆ ತಪ್ಪಿಸಿಕೊಂಡು ಮುಂದಿನ ವಾರ ಹೋದಾಗ "ಯಾಕೆ ಬರಲಿಲ್ಲ, ಹುಷಾರಿರಲಿಲ್ವಾ?" ಅಂತ ಕೇಳಿದರು. ಅಲ್ಲಿಂದ ಮಾತು ಶುರುವಾಯಿತು.

ಆದರೆ ಇದಕ್ಕೆ ಟೈಮ್ ಹಿಡಿಯುತ್ತದೆ. ಕನ್ಸಾಸ್ ವಿಶ್ವವಿದ್ಯಾಲಯದ ಜೆಫ್ರಿ ಹಾಲ್ 2018ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಪರಿಚಯ ಸಾಧಾರಣ ಸ್ನೇಹವಾಗಲು ಸುಮಾರು 50 ಗಂಟೆ ಜೊತೆಗೆ ಕಳೆಯಬೇಕು, ಆಪ್ತರಾಗಲು 200 ಗಂಟೆಗೂ ಜಾಸ್ತಿ. ವಾರಕ್ಕೆ ಎರಡು ಗಂಟೆಯ ಕ್ಲಾಸ್ ಅಂದರೆ ಮೊದಲ 50 ಗಂಟೆಗೇ ಆರು ತಿಂಗಳು! ಹಾಗಾಗಿ ಒಂದು ತಿಂಗಳಾದರೂ ಯಾರೂ ಹತ್ತಿರವಾಗಲಿಲ್ಲ ಅಂತ ಸುಮ್ನೆ ನಿಮ್ಮನ್ನೇ ಬೈದುಕೊಳ್ಳಬೇಡಿ.

ಇನ್ನೊಂದು ಮಾತು. ವಾರಗಟ್ಟಲೆ ನಿದ್ದೆ ಬರುತ್ತಿಲ್ಲ, ಊಟ ಸೇರುತ್ತಿಲ್ಲ, ಹಾಸಿಗೆಯಿಂದ ಏಳೋಕೇ ಮನಸ್ಸಿಲ್ಲ ಅನ್ನೋ ಹಾಗಿದ್ದರೆ ಕ್ಲಾಸು ಗೀಸು ಆಮೇಲೆ ನೋಡೋಣ, ಮೊದಲು ಡಾಕ್ಟರನ್ನೋ ಕೌನ್ಸೆಲರನ್ನೋ ನೋಡಿ.