ಬ್ಯಾಕ್ ಆಡಿದವರು ಏನು ಕಲಿಸ್ತಾರೆ?

ಬೀದರಿನಿಂದ ನಿವೃತ್ತ ಪಿ.ಟಿ. ಮಾಸ್ತರರೊಬ್ಬರು ಪತ್ರ ಬರೆದಿದ್ದಾರೆ. ಅವರು ಇಪ್ಪತ್ತು ವರ್ಷ ಫುಟ್‌ಬಾಲ್ ಆಡಿದವರು, ಅಷ್ಟೂ ವರ್ಷ ಬ್ಯಾಕ್, ಅಂದರೆ ಹಿಂದೆ ನಿಂತು ಎದುರಿನವರ ಗೋಲು ತಡೆಯುವವರು. ಈಗ ದಿನಾ ಸಂಜೆ ಓಣಿಯ ಹುಡುಗರಿಗೆ ಆಟ ಕಲಿಸುತ್ತಾರೆ. "ಜೀವಮಾನದಲ್ಲಿ ಒಂದು ಗೋಲು ಹೊಡೆದವರಲ್ಲ, ಇವರೇನು ಕಲಿಸ್ತಾರೆ?" ಎಂದು ಹುಡುಗನೊಬ್ಬನ ತಂದೆ ಎಲ್ಲರೆದುರು ಅಂದರಂತೆ. ಬ್ಯಾಕ್ ಆಡಿ ದೊಡ್ಡ ಕೋಚ್ ಆದವರು ಇದ್ದಾರಾ, ಸರ್ಟಿಫಿಕೇಟ್ ಇಲ್ಲದೆ ಕಲಿಸುವುದು ತಪ್ಪಾ ಎಂದು ಕೇಳಿದ್ದಾರೆ. ಕೊನೆಗೆ ಒಂದು ದೂರು: ನಿಮ್ಮ ಪತ್ರಿಕೆಯಲ್ಲಿ ಬರೀ ಗೋಲು ಹೊಡೆದವರ ಫೋಟೋ ಯಾಕೆ?

ಮಾಸ್ತರೇ, ಶರಣು.

ನಾನೂ ಬ್ಯಾಕ್ ನಿಂತವನೇ. ಕಲಬುರಗಿ ಊರ ಹೊರಗಿನ ಬಯಲಿನಲ್ಲಿ ಆಡುತ್ತಿದ್ದೆವು. ನಿಮ್ಮ ಬೀದರಿನದು ಕೆಂಪು ಮಣ್ಣು, ನಮ್ಮದು ಎರೆ ಮಣ್ಣು. ಬೇಸಿಗೆ ಬಂತೆಂದರೆ ನೆಲ ಬಿರಿಯುತ್ತಿತ್ತು. ನೇರವಾಗಿ ಬರುತ್ತಿದ್ದ ಚೆಂಡು ಬಿರುಕಿನ ಅಂಚಿಗೆ ತಾಗಿ ಪಕ್ಕಕ್ಕೆ ಹಾರುತ್ತಿತ್ತು. ಫಾರ್ವರ್ಡ್ ಹುಡುಗನಿಗೆ ಹಾಗಾದರೆ "ಹೋಗ್ಲಿ ಬಿಡು" ಅನ್ನುತ್ತಿದ್ದರು. ನನಗೆ ಹಾಗಾದರೆ ಗೋಲು, ಆಮೇಲೆ ಮನೆತನಕ ಬೈಗುಳ. ಅದಕ್ಕೇ ಚೆಂಡಿಗಿಂತ ಮೊದಲು ನೆಲ ನೋಡುವುದು, ಎದುರಿನವನ ಕಾಲು ಎತ್ತ ತಿರುಗಿದೆ ಅಂತ ನೋಡುವುದು ರೂಢಿಯಾಯಿತು. ನಿಮಗೂ ಹಾಗೇ ಆಗಿರಬೇಕು, ಅಲ್ವಾ? ಆ ನೋಟವನ್ನೇ ನೀವು ಹುಡುಗರಿಗೆ ಕಲಿಸುತ್ತಿದ್ದೀರಿ.

ಇನ್ನು ನಿಮ್ಮ ಮೊದಲ ಪ್ರಶ್ನೆ. ಇದ್ದಾರೆ. ಜರ್ಮನಿಯ ಫ್ರಾಂಜ್ ಬೆಕೆನ್‌ಬಾವರ್.

1945ರಲ್ಲಿ ಮ್ಯೂನಿಕ್‌ನಲ್ಲಿ ಹುಟ್ಟಿದವರು. ಆ ಕಾಲದಲ್ಲಿ ಒಬ್ಬೊಬ್ಬ ಬ್ಯಾಕ್ ಎದುರು ತಂಡದ ಒಬ್ಬೊಬ್ಬನ ಬೆನ್ನಿಗೆ ಬೀಳುತ್ತಿದ್ದ. ಎಲ್ಲರ ಹಿಂದೆ ಒಬ್ಬ ಮಾತ್ರ ಯಾರಿಗೂ ಕಟ್ಟುಬೀಳದೆ ನಿಂತು, ತಪ್ಪಿ ಬಂದ ಚೆಂಡನ್ನು ಹೊರಗೆ ಹೊಡೆಯುತ್ತಿದ್ದ. ಬೆಕೆನ್‌ಬಾವರ್ ಅದೇ ಜಾಗದಲ್ಲಿ ನಿಂತರು, ಆದರೆ ಚೆಂಡನ್ನು ಸುಮ್ನೆ ಒದ್ದು ಕಳಿಸಲಿಲ್ಲ. ತಾವೇ ತೆಗೆದುಕೊಂಡು, ತಲೆ ಎತ್ತಿ ನೋಡುತ್ತಾ ಮುಂದೆ ನಡೆದರು. ಆಟ ಹಿಂದಿನಿಂದಲೇ ಶುರುವಾಗುತ್ತಿತ್ತು. 1974ರಲ್ಲಿ ಪಶ್ಚಿಮ ಜರ್ಮನಿ ನೆದರ್ಲೆಂಡ್ಸನ್ನು 2–1ರಿಂದ ಸೋಲಿಸಿ ವಿಶ್ವಕಪ್ ಗೆದ್ದಾಗ ನಾಯಕ ಅವರೇ. ವರ್ಷದ ಅತ್ಯುತ್ತಮ ಆಟಗಾರನಿಗೆ ಕೊಡುವ, ಗೋಲು ಹೊಡೆದವರಿಗೇ ಜಾಸ್ತಿ ಸಿಗುವ ಬ್ಯಾಲನ್ ಡಿ'ಓರ್ ಪ್ರಶಸ್ತಿ ಅವರಿಗೆ 1972 ಮತ್ತು 1976ರಲ್ಲಿ, ಎರಡು ಸಲ ಬಂತು. ಹುಡುಗನ ತಂದೆಗೆ ಇದನ್ನು ಓದಿ ಹೇಳಿ.

ಆದರೆ ನಾನು ನಿಮಗೆ ಹೇಳಬೇಕೆಂದಿರುವುದು ಅವರು ಕೋಚ್ ಆದ ಮೇಲಿನ ಕತೆ. 1984ರ ಯುರೋಪಿಯನ್ ಟೂರ್ನಿಯಲ್ಲಿ ಪಶ್ಚಿಮ ಜರ್ಮನಿ ಮೊದಲ ಹಂತದಲ್ಲೇ ಹೊರಬಿತ್ತು. ತಂಡವನ್ನು ಬೆಕೆನ್‌ಬಾವರ್ ಕೈಗೆ ಕೊಟ್ಟರು. ಅವರ ಹತ್ತಿರ ಕೋಚಿಂಗ್ ಲೈಸೆನ್ಸ್ ಇರಲಿಲ್ಲ. ಹಾಗಾಗಿ ಕೋಚ್ ಅನ್ನದೆ 'ಟೀಮ್‌ಶೆಫ್', ಅಂದರೆ ತಂಡದ ಯಜಮಾನ ಎಂದು ಕರೆದರು. ಮೊದಲ ಪಂದ್ಯವೇ ಅರ್ಜೆಂಟೀನಾ ಎದುರು. 1–3 ಸೋಲು.

1986ರ ವಿಶ್ವಕಪ್ ಫೈನಲ್‌ನಲ್ಲಿ ಮತ್ತೆ ಅರ್ಜೆಂಟೀನಾ. ಮರಡೋನಾ ಅವರನ್ನು ತಡೆಯಲು ಬೆಕೆನ್‌ಬಾವರ್ ತಮ್ಮ ಒಳ್ಳೆಯ ಮಿಡ್‌ಫೀಲ್ಡರ್ ಲೋಥರ್ ಮಥಾಯಸ್ ಅವರನ್ನು ಕಾವಲಿಗೆ ಹಾಕಿದರು. ಮಥಾಯಸ್ ಕಾವಲು ಕಾಯುವುದರಲ್ಲೇ ಸವೆದರು, ಜರ್ಮನಿಯ ಆಟ ಕಟ್ಟುವವರೇ ಇಲ್ಲವಾದರು. 0–2ರಿಂದ ಹೇಗೋ 2–2 ಮಾಡಿಕೊಂಡರು. ಅಷ್ಟರಲ್ಲಿ ಮರಡೋನಾ ಒಂದು ಪಾಸ್ ಕೊಟ್ಟರು, ಬುರುಚಾಗಾ ಒಬ್ಬರೇ ಓಡಿ ಗೋಲು ಹೊಡೆದರು. 2–3.

ನಾಲ್ಕು ವರ್ಷದ ನಂತರ, 8 ಜುಲೈ 1990, ರೋಮ್. ಫೈನಲ್‌ನಲ್ಲಿ ಮತ್ತೂ ಅದೇ ಅರ್ಜೆಂಟೀನಾ, ಅದೇ ಮರಡೋನಾ. ಈ ಸಲ ಕಾವಲಿಗೆ ಗೀಡೊ ಬುಕ್‌ವಾಲ್ಡ್ ನಿಂತರು. ಮಥಾಯಸ್ ನಾಯಕನಾಗಿ ಆಟ ನಡೆಸಲು ಬಿಡುವಾದರು. ಮರಡೋನಾ ಅವರಿಗೆ ಜಾಗವೇ ಸಿಗಲಿಲ್ಲ. 85ನೇ ನಿಮಿಷದಲ್ಲಿ ಜರ್ಮನಿಯ ಬ್ರೆಹ್ಮೆ ಪೆನಾಲ್ಟಿ ಹೊಡೆದು 1–0 ಮಾಡಿದರು, ವಿಶ್ವಕಪ್ ಕೈಗೆ ಬಂತು.

ಮಾಸ್ತರೇ, ನನ್ನ ಮಟ್ಟಿಗೆ ಅವರ ದೊಡ್ಡತನ ಇಲ್ಲಿದೆ. ಅಷ್ಟು ಹೆಸರಿದ್ದವರು ತಮ್ಮ ಲೆಕ್ಕ ತಪ್ಪಿತ್ತು ಎಂದು ಒಪ್ಪಿಕೊಳ್ಳದೆ, ಆಟಗಾರರ ಮೇಲೆ ಹಾಕಿ ಕೈ ತೊಳೆದುಕೊಳ್ಳಬಹುದಿತ್ತು. ಹಾಗೆ ಮಾಡದೆ ಲೆಕ್ಕವನ್ನೇ ಬದಲಿಸಿದರು. 1990ರ ಆ ರಾತ್ರಿ ತಂಡವೆಲ್ಲ ಕುಣಿಯುತ್ತಿದ್ದಾಗ ಅವರು ಕೊರಳಲ್ಲಿ ಪದಕ ಹಾಕಿಕೊಂಡು ಖಾಲಿ ಮೈದಾನದಲ್ಲಿ ಒಬ್ಬರೇ ನಡೆದರು. ಆ ದೃಶ್ಯ ಸಿಕ್ಕರೆ ಹುಡುಗರಿಗೆ ತೋರಿಸಿ.

ಆಟಗಾರನಾಗಿಯೂ ಕೋಚ್ ಆಗಿಯೂ ವಿಶ್ವಕಪ್ ಗೆದ್ದವರು ಮೂವರೇ: ಬ್ರೆಜಿಲಿನ ಜಗಾಲೊ, ಬೆಕೆನ್‌ಬಾವರ್, ಫ್ರಾನ್ಸಿನ ದೆಶಾಂ. ಮೊದಲಿನ ಇಬ್ಬರೂ 2024ರ ಜನವರಿಯಲ್ಲಿ, ಎರಡೇ ದಿನದ ಅಂತರದಲ್ಲಿ ತೀರಿಕೊಂಡರು. 2006ರ ವಿಶ್ವಕಪ್ ಜರ್ಮನಿಗೆ ತಂದಾಗಿನ ಹಣದ ವ್ಯವಹಾರದ ಬಗ್ಗೆ ಬೆಕೆನ್‌ಬಾವರ್ ಮೇಲೆ ತನಿಖೆ ನಡೆದು, ತೀರ್ಪು ಬರದೆ ಮುಗಿಯಿತು. ಅದನ್ನೂ ಹೇಳಿಬಿಡುತ್ತೇನೆ, ಮುಚ್ಚಿಡುವುದು ಸರಿಯಲ್ಲ.

ಸರ್ಟಿಫಿಕೇಟ್ ವಿಷಯ. ಬೆಕೆನ್‌ಬಾವರ್ ಲೈಸೆನ್ಸ್ ಇಲ್ಲದೆ ಗೆದ್ದರಲ್ಲ ಎಂದು ನೀವು ಕೈ ಕಟ್ಟಿ ಕೂರಬೇಡಿ. 1990ರಲ್ಲಿ ಅವರ ಪಕ್ಕದಲ್ಲಿ ಹೋಲ್ಗರ್ ಓಸಿಕ್ ಎಂಬ ನುರಿತ ಕೋಚ್ ಇದ್ದರು. ನಿಮ್ಮ ಪಕ್ಕದಲ್ಲಿ ಯಾರೂ ಇಲ್ಲ. ಹುಡುಗನಿಗೆ ಮೊಣಕಾಲು ನೋವು ಬಂದರೆ, ಹನ್ನೆರಡು ವರ್ಷದವನನ್ನು ಎಷ್ಟು ಓಡಿಸಬೇಕು ಅನ್ನುವುದು ಬಂದರೆ, ನಾವು ಆಡಿದ ಅನುಭವ ಸಾಲದು. ನಮ್ಮನ್ನು ಓಡಿಸಿದ ಹಾಗೇ ಓಡಿಸಿಬಿಡುತ್ತೇವೆ. ನಮ್ಮ ದೇಶದಲ್ಲಿ ಡಿ, ಸಿ, ಬಿ, ಎ, ಪ್ರೊ ಅಂತ ಲೈಸೆನ್ಸಿನ ಮೆಟ್ಟಿಲುಗಳಿವೆ. ಡಿಯಿಂದ ಶುರುಮಾಡಿ. ಬೆಂಗಳೂರಿನ ಕರ್ನಾಟಕ ರಾಜ್ಯ ಫುಟ್‌ಬಾಲ್ ಸಂಸ್ಥೆಯಲ್ಲಿ ವಿಚಾರಿಸಿ. ಅಲ್ಲಿಯತನಕ ಕಲಿಸುವುದನ್ನು ಮಾತ್ರ ಒಂದು ಸಂಜೆಯೂ ನಿಲ್ಲಿಸಬೇಡಿ.

ಫೋಟೋ ಬಗ್ಗೆ ನೀವು ಹೇಳಿದ್ದು ನಿಜ. ಹಳೆಯ ಸಂಚಿಕೆಗಳನ್ನು ತೆಗೆದು ನೋಡಿದೆ, ಒಬ್ಬನೇ ಒಬ್ಬ ಬ್ಯಾಕ್ ಇಲ್ಲ. ತಪ್ಪು ನಮ್ಮದೇ. ಮುಂದಿನ ವಾರ ನಮ್ಮ ಫೋಟೋಗ್ರಾಫರ್ ಜೊತೆ ನಾನೇ ಬೀದರಿಗೆ ಬರುತ್ತೇನೆ. ಬಿಸಿಲು ಇಳಿಯುವ ಹೊತ್ತಿಗೆ ಹುಡುಗರನ್ನು ಸೇರಿಸಿಡಿ. ಬ್ಯಾಕ್ ಆಡುವ ನಾಲ್ವರು ಮುಂದಿನ ಸಾಲಿನಲ್ಲಿ ನಿಲ್ಲಲಿ, ನೀವು ಅವರ ನಡುವೆ.